ಮಾವನ ಎದೆಗೆ ತಾಗಿದ ಕಾಲು

"ಅಳಿಯನ್ನ ಒಯ್ದು ಮಾವನ ಮುಂದ ನಿಲ್ಲಸ್ತೀಯಲ್ಲೋ, ತಲಿ ಐತೋ ಇಲ್ಲೋ ನಿನಗ?" ಎಂದು ಅಮರಪ್ಪ ಅಂಗಡಿಯ ಕಟ್ಟೆಗೆ ಕೈ ಬಡಿದ.

"ನನ್ನ ತಲಿ ಹೆಗಲ ಮ್ಯಾಲ ಐತಿ. ನಿನ್ನ ಬಾಯಿ ಎಲ್ಲಿ ಹೊಂಟೈತಿ, ಅದನ್ನ ನೋಡಿಕೋ," ಎಂದ ಬಸಗೊಂಡಪ್ಪ.

"ಅಮೋಘಿ ಆಡಂಗಿಲ್ಲ ಅಂದ್ರ ಆಡಂಗಿಲ್ಲ."

"ಆಡ್ತಾನ. ಅವನ ಬದಲಿ ಗೋಲಿನ ಮುಂದ ನೀ ನಿಲ್ತೀಯೇನ? ನಿನ್ನ ಹೊಟ್ಟಿ ಅರ್ಧಾ ಗೋಲ ಮುಚ್ಚತೈತಿ, ಖರೆ. ಉಳಿದರ್ಧಕ್ಕ ಯಾರನ್ನ ಕರೀಲಿ?"

ಅಂಗಡಿಯ ಮುಂದೆ ಕುಕ್ಕರುಗಾಲಲ್ಲಿ ಕೂತಿದ್ದ ಆಟಗಾರರು ಮುಖ ತಿರುಗಿಸಿಕೊಂಡು ನಕ್ಕರು. ಅಮರಪ್ಪ ನಗಲಿಲ್ಲ. ಅವನು ನಗದಿದ್ದರೆ ತಿಕೋಟಾದ ಫುಟ್‌ಬಾಲ್ ತಂಡಕ್ಕೆ ಒಳ್ಳೆಯದಲ್ಲ ಎಂಬುದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು, ಏಕೆಂದರೆ ಅವರು ಆಡುತ್ತಿದ್ದ ಬಯಲು ಅವನದು.

ಇಬ್ಬರೂ ಅಣ್ಣತಮ್ಮಂದಿರ ಮಕ್ಕಳು. ಅಮರಪ್ಪ ದೊಡ್ಡವನು, ಹತ್ತಿ ವ್ಯಾಪಾರ, ಮಾತಿಗೆ ತೂಕ. ಬಸಗೊಂಡಪ್ಪನದು ಸೈಕಲ್ ಅಂಗಡಿ. ಪಂಕ್ಚರ್ ಹಾಕುವ ಕೈಯಿಂದಲೇ ಚೆಂಡಿನ ಬ್ಲಾಡರಿಗೂ ತೇಪೆ ಹಚ್ಚಿ, ಸೈಕಲ್ ಪಂಪಿನಿಂದಲೇ ಗಾಳಿ ಹೊಡೆದು, ಕುರಿ ಕಾಯುವವರನ್ನೂ ಹೊಲದವರನ್ನೂ ಸಂಜೆ ಹೊತ್ತು ಬೈದು ಬೈದು ಓಡಿಸಿ ಅವನು ಕಟ್ಟಿದ ತಂಡ ಅದು. ಊರ ಪಡುವಣಕ್ಕೆ ಬೀಳು ಬಿದ್ದಿದ್ದ ಅಮರಪ್ಪನ ಭೂಮಿಯಲ್ಲಿ ಜಾಲಿ ಕಡಿದು, ಕಲ್ಲು ಆರಿಸಿ, ಎರಡು ಕಡೆ ಬೇವಿನ ಕಂಬ ನೆಟ್ಟವನೂ ಅವನೇ. ಅಮರಪ್ಪ ಆ ವರ್ಷ, ಎಪ್ಪತ್ನಾಲ್ಕರಲ್ಲಿ, ಚಾವಡಿಯಲ್ಲಿ ನಾಲ್ಕು ಮಂದಿಯ ಮುಂದೆ ಮಾತು ಹಾಕಿದ್ದ: ತಂಡ ಮೇಲಿನ ಡಿವಿಜನ್ನಿಗೆ ಹೋದರೆ ಬಯಲನ್ನು ಬಿಟ್ಟುಕೊಡುತ್ತೇನೆ, ಹೋಗದಿದ್ದರೆ ರಂಟೆ ಹೊಡೆಸಿ ಬಿತ್ತುತ್ತೇನೆ. ಆ ಬಯಲು ಹೋದರೆ ಬಸಗೊಂಡಪ್ಪನ ಹತ್ತಿರ ಉಳಿಯುವುದು ಸೈಕಲ್ ಟ್ಯೂಬು ಮಾತ್ರ.

ಜಿಲ್ಲೆಯ ಕೆಳಗಿನ ಡಿವಿಜನ್ನಿನಲ್ಲಿ ಮೊದಲು ಬಂದ ತಂಡ ನೇರವಾಗಿ ಮೇಲೆ ಹೋಗುತ್ತಿತ್ತು. ಅದರ ಹಿಂದಿನ ನಾಲ್ಕು ತಂಡಗಳು ಉಳಿದ ಒಂದೇ ಜಾಗಕ್ಕೆ ಬಡಿದಾಡಬೇಕು. ತಿಕೋಟಾ ಎರಡನೆಯದಾಗಿ ನಿಂತಿತ್ತು. ಮೊದಲನೆಯ ಸ್ಥಾನ ತಪ್ಪಿದ್ದು ಇಟ್ಟಂಗಿಹಾಳದ ಬಯಲಿನಲ್ಲಿ. ಅಲ್ಲಿ ಮಳೆ ಬಿದ್ದು ಎರೆಮಣ್ಣು ಕಾಲಿಗೆ ಮೆತ್ತಿ, ಒಬ್ಬೊಬ್ಬನೂ ಎರಡೆರಡು ಸೇರು ಮಣ್ಣು ಹೊತ್ತು ಓಡಿ, ಕೊನೆಗೆ ಯಾರೂ ಗೋಲು ಹೊಡೆಯದೆ ಮನೆಗೆ ಬಂದಿದ್ದರು. ಸೆಮಿಫೈನಲ್ಲಿನಲ್ಲಿ ಎದುರಾದವರು ಜಲನಗರದ ನೌಕರರು. ಅವರಿಗೆ ಬೂಟು, ಒಂದೇ ಬಣ್ಣದ ಬನಿಯನ್ನು, ನಡುವೆ ನಿಂಬೆಹಣ್ಣಿನ ಶರಬತ್ತು. ಇವರಲ್ಲಿ ಅರ್ಧ ಮಂದಿ ಬರಿಗಾಲು. ಅಮೋಘಿಯ ಹೆಬ್ಬೆರಳಿನ ಉಗುರನ್ನು ಒಬ್ಬ ಬೂಟಿನಿಂದ ಕಿತ್ತೇ ಬಿಟ್ಟ. ಅವನು ತಲೆಗೆ ಸುತ್ತುವ ಪಟಗದ ತುದಿ ಹರಿದು ಬೆರಳಿಗೆ ಸುತ್ತಿಕೊಂಡು ಮತ್ತೆ ಗೋಲಿನ ಮುಂದೆ ಬ್ಯಾಕ್ ಆಗಿ ನಿಂತ. ಆಮೇಲೆ ಆ ಕಡೆಯಿಂದ ಒಂದು ಚೆಂಡೂ ದಾಟಲಿಲ್ಲ. ತಿಕೋಟಾ ಒಂದು ಗೋಲಿನಿಂದ ಗೆದ್ದಿತು.

ಇನ್ನೊಂದು ಸೆಮಿಫೈನಲ್ಲಿನಲ್ಲಿ ಬಬಲೇಶ್ವರದವರು ಮಮದಾಪುರವನ್ನು ಸೋಲಿಸಿದರು. ಸೋಲಿಸಿದ್ದು ಖಂಡಪ್ಪನೊಬ್ಬನೇ ಎಂದರೂ ತಪ್ಪಿಲ್ಲ. ವಯಸ್ಸು ನಲವತ್ತರ ಹತ್ತಿರ, ಓಡುವುದು ಕಡಿಮೆ. ಸೊಂಟದ ಮೇಲೆ ಕೈಯಿಟ್ಟು ಸಂತೆಗೆ ಬಂದವನ ಹಾಗೆ ನಿಂತಿರುತ್ತಿದ್ದ. ಚೆಂಡು ಕಾಲಿಗೆ ಬಂತೆಂದರೆ ಗೋಲು. ಈ ಖಂಡಪ್ಪ ಅಮೋಘಿಯ ತಾಯಿ ಮಲಕವ್ವನ ಸ್ವಂತ ತಮ್ಮ. ಅಮೋಘಿ ಕೈಗೂಸಾಗಿದ್ದಾಗಲೇ ಅಪ್ಪ ತೀರಿಕೊಂಡಿದ್ದ. ಸಾಕಿ ಬೆಳೆಸಿದವನು ಮಾವ. ಉಣ್ಣೆ ಉಂಡೆ ಮಾಡಿ ಅರಿವೆ ಸುತ್ತಿ, ಕುರಿ ಹಟ್ಟಿಯ ಮುಂದೆ ಅದನ್ನು ಒದೆಯಲು ಕಲಿಸಿದವನೂ ಅವನೇ. ಕೊನೆಗೆ ಮಗಳು ಸಕ್ರವ್ವನನ್ನು ಕೊಟ್ಟು ಅಳಿಯನನ್ನಾಗಿಯೂ ಮಾಡಿಕೊಂಡ. ಅಮೋಘಿ ಹೆಂಡತಿ, ತಾಯಿಯ ಜೊತೆ ತಿಕೋಟಾಕ್ಕೆ, ಅಪ್ಪನ ಮನೆಗೆ ಬಂದ ಮೇಲೆ ಬಸಗೊಂಡಪ್ಪನ ಕಣ್ಣಿಗೆ ಬಿದ್ದ. ಸಂಜೆ ಆಟ ಮುಗಿದ ಮೇಲೆ ಬಸಗೊಂಡಪ್ಪನ ಹೆಂಡತಿ ಕಾಶಿಬಾಯಿ ಇಬ್ಬರಿಗೂ ಒಟ್ಟಿಗೆ ರೊಟ್ಟಿ ಬಡಿಸುತ್ತಿದ್ದಳು. ಅಮೋಘಿ ಅವನನ್ನು ಕಾಕಾ ಎನ್ನುತ್ತಿದ್ದ.

ಈಗ ಮಾವನೂ ಅಳಿಯನೂ ಫೈನಲ್ಲಿನಲ್ಲಿ ಎದುರುಬದುರು. ಅಮರಪ್ಪನ ತಕರಾರು ಅದೇ.

ಅಮೋಘಿ ಅಂಗಡಿಯ ಗೋಡೆಗೆ ಒರಗಿ ಕೂತಿದ್ದ. ಕೊನೆಗೆ ಎದ್ದು ನಿಂತು, "ಆಟದಾಗ ಮಾವನೂ ಇಲ್ಲ, ಅಳಿಯಾನೂ ಇಲ್ಲ, ಕಾಕಾ," ಎಂದ.

"ಕೇಳಿದೇನ?" ಎಂದು ಬಸಗೊಂಡಪ್ಪ ಅಮರಪ್ಪನ ಕಡೆ ತಿರುಗಿದ. ಇವನಿಗೆ ನಾನು ಹೊಣೆ ಎಂದ. ಅಮರಪ್ಪ ಟೊಪ್ಪಿಗೆ ಸರಿಮಾಡಿಕೊಂಡು ಹೋದ.

ಫೈನಲ್ಲಿನ ದಿನ ಹತ್ತಿ ಲಾರಿಯೊಂದನ್ನು ಹಿಡಿದು ಊರಿಗೆ ಊರೇ ವಿಜಾಪುರಕ್ಕೆ ಹೋಯಿತು. ಬಬಲೇಶ್ವರದವರು ಇವರಿಗಿಂತ ಮೊದಲೇ ಬಂದು ನೆರಳಿರುವ ಕಡೆಯೆಲ್ಲ ಕೂತುಬಿಟ್ಟಿದ್ದರು. ರೆಫ್ರಿ ದಾವಲಸಾಬ ಎಂಬ ಡ್ರಿಲ್ ಮಾಸ್ತರ. ಅವನು ಎರಡೂ ತಂಡವನ್ನು ಕರೆದು ನಿಯಮ ಹೇಳಿದ. ಆಟ ಸಮ ಆದರೆ ಪಟ್ಟಿಯಲ್ಲಿ ಮೇಲೆ ನಿಂತಿದ್ದ ತಿಕೋಟಾ ಮೇಲಿನ ಡಿವಿಜನ್ನಿಗೆ ಹೋಗುತ್ತದೆ. ಬಬಲೇಶ್ವರ ಗೆಲ್ಲಲೇಬೇಕು.

ಮೊದಲ ಗೋಲು ತಿಕೋಟಾದ್ದು. ಬಬಲೇಶ್ವರದವರು ವಿರಾಮಕ್ಕೆ ಮುಂಚೆ ಒಂದು ಪೆನಾಲ್ಟಿಯಲ್ಲಿ ಅದನ್ನು ತೀರಿಸಿದರು. ಆಮೇಲೆ ಚೆಂಡು ಆ ಕಡೆ ಈ ಕಡೆ ಬಿದ್ದು, ಬಿಸಿಲು ಇಳಿದು, ಜನರ ಗಂಟಲು ಒಣಗಿತು. ಅಮೋಘಿ ಮಾವನನ್ನು ನೆರಳಿನ ಹಾಗೆ ಹಿಡಿದಿದ್ದ. ಖಂಡಪ್ಪ ಎಡಕ್ಕೆ ಬಾಗಿದರೆ ಇವನು ಎಡಕ್ಕೆ, ಬಲಕ್ಕೆ ಹೊರಳಿದರೆ ಬಲಕ್ಕೆ. ಒಮ್ಮೆ ಹೆಗಲಿನಿಂದ ಗುದ್ದಿ ಮಾವನನ್ನು ಗೆರೆಯ ಆಚೆಗೂ ಹಾಕಿದ. ಬಬಲೇಶ್ವರದ ಮಂದಿ, ಸಾಕಿದ ಕೈಯನ್ನೇ ಕಚ್ಚುತ್ತಾನೆ ನೋಡಿರೆಂದು ಕೂಗಿದರು. ಬಸಗೊಂಡಪ್ಪ ಅಮರಪ್ಪನ ಕಡೆ ನೋಡಿ ಮೀಸೆ ತಿರುವಿದ. ಅಮರಪ್ಪನೂ ಮೆಲ್ಲಗೆ ತಲೆ ಆಡಿಸಿದ.

ಆಟ ಇನ್ನೇನು ಮುಗಿಯಬೇಕು. ಎಡಗಡೆಯಿಂದ ಚೆಂಡೊಂದು ತಗ್ಗಾಗಿ ಬಂತು. ಖಂಡಪ್ಪ ತಲೆ ಕೊಡಲು ಮುಂದಕ್ಕೆ ಬಿದ್ದ. ಅದೇ ಗಳಿಗೆಗೆ ಅಮೋಘಿ ಕಾಲೆತ್ತಿ ಬೀಸಿದ. ಚೆಂಡು ಸವರಿಕೊಂಡು ಬದಿಗೆ ಉರುಳಿತು. ಬರಿಗಾಲಿನ ಅಂಗಾಲು ಮಾವನ ಎದೆಗೆ ತಾಗಿತು. ಖಂಡಪ್ಪ ನೆಲಕ್ಕೆ ಕೂತ. ದಾವಲಸಾಬ ಸೀಟಿಯನ್ನು ಬಾಯಿಗೆ ಇಟ್ಟುಕೊಂಡನು, ಊದಲಿಲ್ಲ.

ನಮ್ಮ ಕಡೆ ಯಾರಿಗೇ ಕಾಲು ತಾಗಲಿ, ಬಸ್ಸಿನಲ್ಲಿ ಅಪರಿಚಿತನಿಗೆ ತಾಗಿದರೂ, ಕೈ ತಾನಾಗಿ ಬಾಗಿ ಅವನನ್ನು ಮುಟ್ಟಿ ಕಣ್ಣಿಗೆ ಹೋಗುತ್ತದೆ. ನಡೆಯಲು ಕಲಿಯುವಾಗಲೇ ಕಲಿತದ್ದು ಅದು. ಅದಕ್ಕೆ ಯೋಚನೆ ಬೇಕಾಗಿಲ್ಲ. ಇಲ್ಲಿ ತಾಗಿದ್ದು ಸಾಕಿದ ಮಾವನ ಎದೆಗೆ. ಅಮೋಘಿ ಬಗ್ಗಿದ. ಮಾವನ ಎದೆ ಮುಟ್ಟಿ ಕೈಯನ್ನು ಕಣ್ಣಿಗೆ ಒತ್ತಿಕೊಂಡ. ಅವನ ಕಣ್ಣು ಮುಚ್ಚಿದ ಅಷ್ಟು ಹೊತ್ತಿನಲ್ಲಿ ಖಂಡಪ್ಪ ಆ ಬಗ್ಗಿದ ತಲೆಯ ಪಕ್ಕದಿಂದಲೇ ಎದ್ದು, ಎರಡು ಹೆಜ್ಜೆ ಹಾಕಿ, ಉರುಳುತ್ತಿದ್ದ ಚೆಂಡನ್ನು ಎಡಗಾಲಿನಿಂದ ಗೋಲಿಗೆ ಸೇರಿಸಿದ.

ಬಬಲೇಶ್ವರದವರು ಬಯಲಿಗೆ ನುಗ್ಗಿ ಖಂಡಪ್ಪನನ್ನು ಎತ್ತಿಕೊಂಡರು. ಅಮೋಘಿ ಇನ್ನೂ ಬಗ್ಗಿದಂತೆಯೇ ನಿಂತಿದ್ದ.

ಬರುವಾಗ ಲಾರಿಯಲ್ಲಿ ಅವನ ಪಕ್ಕ ಯಾರೂ ಕೂಡಲಿಲ್ಲ. ಬಸಗೊಂಡಪ್ಪ ಡ್ರೈವರನ ಬದಿಗೆ ಹೋಗಿ ಕೂತ.

ಮರುದಿನ ಬೆಳಗ್ಗೆ ಅಮರಪ್ಪನ ಆಳುಗಳು ರಂಟೆ, ಎತ್ತು ಹೊಡೆದುಕೊಂಡು ಬಯಲಿಗೆ ಹೊರಟರು, ಹಿಂದೆ ಅಮರಪ್ಪ. ದಾರಿ ಬಸಗೊಂಡಪ್ಪನ ಮನೆಯ ಮುಂದೆಯೇ. ಬಸಗೊಂಡಪ್ಪ ಅಡ್ಡ ನಿಂತ. ಇನ್ನೊಂದು ವರ್ಷ ಕೊಡು ಎಂದ. ಜನ್ಮದಲ್ಲಿ ಯಾರ ಮುಂದೆಯೂ ಇಳಿಸದ ದನಿಯನ್ನು ಇಳಿಸಿ ಕೇಳಿದ. ಅಮರಪ್ಪ, ಸೋತಿದ್ದರೆ ಕೊಡುತ್ತಿದ್ದೆ, ಇದು ಸೋಲಲ್ಲ, ಮಾರಾಟ ಎಂದ. ಊರೆಲ್ಲ ಹಾಗೇ ಅನ್ನುತ್ತಿದೆ ಎಂದ. ಕೊನೆಗೆ ಒಂದು ಮಾತು ಹಾಕಿದ.

"ಬೇಕಂತ ಮಾಡಿಲ್ಲ ಅಂತ ಅವ ಭಂಡಾರ ಮುಟ್ಟಿ ಆಣಿ ಮಾಡ್ಲಿ. ಎತ್ತ ತಿರಗಸ್ತೀನಿ. ಬಯಲ ನಿನಗಿರಲಿ, ನೀ ಇರೂ ತನಕ."

ಭಂಡಾರವೆಂದರೆ ಅಮೋಘಸಿದ್ಧನ ಗುಡಿಯ ಅರಿಶಿನಪುಡಿ. ಅದನ್ನು ಮುಟ್ಟಿ ಕುರಿ ಕಾಯುವ ಅಮೋಘಿಯ ಜನ ಸುಳ್ಳಾಡುವುದಿಲ್ಲ, ಅದು ಅಮರಪ್ಪನಿಗೂ ಗೊತ್ತು. ಅಮೋಘಿ ಹೆದರಿ ಹಿಂದೆ ಸರಿಯುತ್ತಾನೆಂದು ಅವನು ಎಣಿಸಿದ್ದ.

ಬಸಗೊಂಡಪ್ಪ ಆಳು ಕಳಿಸಿ ಅಮೋಘಿಯನ್ನೂ ಗುಡಿಯ ಪೂಜಾರಿಯನ್ನೂ ಕರೆಸಿದ. ಮಲಕವ್ವನೂ ಮಗನ ಹಿಂದೆ ಬಂದಳು. ವಿಷಯ ಕೇಳಿದವಳೇ ಪಡಸಾಲೆಯ ಕಂಬ ಹಿಡಿದುಕೊಂಡಳು.

"ಬ್ಯಾಡ ಯಪ್ಪಾ. ಕಳುವು ಮಾಡಿದವರಿಗೆ ಮುಟ್ಟಸೂದು ಅದು. ಖರೆ ಇರ್ಲಿ ಸುಳ್ಳ ಇರ್ಲಿ, ಭಂಡಾರ ಮುಟ್ಟಿಸಿದ ಮನಿಗಿ ನಮ್ಮವರು ತಿರುಗಿ ಕಾಲ ಇಡಂಗಿಲ್ಲ. ಅವರ ನೀರ ಕುಡ್ಯಂಗಿಲ್ಲ. ನಿಮಗ ಗೊತ್ತಿಲ್ಲೇನು?"

ಗೊತ್ತಿತ್ತು. ಬಸಗೊಂಡಪ್ಪನಿಗೆ ಇದೂ ಗೊತ್ತಿತ್ತು: ಅಮೋಘಿಯ ಕೈ ತಾನಾಗಿ ಬಾಗಿದ್ದನ್ನು ಅವನು ಗೆರೆಯ ಪಕ್ಕದಿಂದ ಕಣ್ಣಾರೆ ಕಂಡಿದ್ದ. ಆ ಜಾಗದಲ್ಲಿ ತಾನಿದ್ದರೂ ಬಾಗುತ್ತಿದ್ದೆನೆಂದು ರಾತ್ರಿಯಿಡೀ ಅನ್ನಿಸಿತ್ತು. ಅದೇ ಅವನ ಸಿಟ್ಟನ್ನು ಹೆಚ್ಚಿಸಿತ್ತು. ಹೊರಗೆ ಎತ್ತುಗಳು ಕೊರಳು ಆಡಿಸಿದವು. ರಂಟೆಯ ಮೊನೆ ಬಿಸಿಲಿಗೆ ಹೊಳೆಯುತ್ತಿತ್ತು.

"ಗೊತ್ತೈತಿ," ಎಂದ ಬಸಗೊಂಡಪ್ಪ. "ಮುಟ್ಟ್ಲಿ."

"ಕಾಕಾ, ನೀವ ನೋಡೀರಿ," ಎಂದ ಅಮೋಘಿ. "ಮಾವಗ ಕಾಲ ಹತ್ತಿತು. ಕೈ ಹೋತು. ನೀವ ಹೇಳ್ರಿ ಇವರಿಗೆ."

"ನಾ ಹೇಳಿದ್ರ ಯಾರ ಕೇಳ್ತಾರಲೇ? ಹೊಣೆ ಅಂತ ನಿಂತು ಊರ ಮುಂದ ನನ್ನ ಮಾರಿ ಮಣ್ಣಾಗೈತಿ. ನಿನಗ ನಮಸ್ಕಾರ ಮಾಡಾಕ ಬ್ಯಾರೆ ಹೊತ್ತ ಸಿಗಲಿಲ್ಲ? ಮುಟ್ಟು."

ಪೂಜಾರಿ ಭಂಡಾರದ ತಟ್ಟೆ ಹಿಡಿದು ಮುಂದೆ ಬಂದ. ಅಮೋಘಿ ಪಟಗ ತೆಗೆದು ತಾಯಿಯ ಕೈಗೆ ಕೊಟ್ಟು, ಚಿಟಿಕೆ ಭಂಡಾರ ಎತ್ತಿ ಹಣೆಗೆ ಒತ್ತಿಕೊಂಡ.

"ಬೇಕಂತ ಬಗ್ಗಿದ್ರ ಇದು ನನ್ನ ಕಣ್ಣ ತಿನ್ಲಿ. ನನ್ನ ವಂಶ ತಿನ್ಲಿ."

ಅಮರಪ್ಪ ಮಾತಿಗೆ ತಪ್ಪಲಿಲ್ಲ. ಎತ್ತು ತಿರುಗಿಸಿರೆಂದು ಆಳುಗಳಿಗೆ ಹೇಳಿ ಹೊರಟುಹೋದ. ಪೂಜಾರಿಯೂ ಹೋದ. ಬಸಗೊಂಡಪ್ಪನಿಗೆ ಬಯಲು ಉಳಿಯಿತು. ಸಿಟ್ಟು ಇಳಿದ ಮೇಲೆ ಯಾವಾಗಲೂ ಮಾಡುವಂತೆ ಅವನು ಏನೂ ಆಗೇ ಇಲ್ಲ ಎನ್ನುವ ಹಾಗೆ ಹೆಂಡತಿಯನ್ನು ಕೂಗಿ, ಅಮೋಘಿಗೆ ರೊಟ್ಟಿ ಹಾಕೆಂದ. ಕಾಶಿಬಾಯಿ ಒಳಗಿನಿಂದ ಬರಲಿಲ್ಲ.

"ಬ್ಯಾಡ್ರಿ, ಸಾವುಕಾರ್ರ," ಎಂದ ಅಮೋಘಿ.

ಆ ಕರೆ ಬಸಗೊಂಡಪ್ಪನಿಗೆ ಕಪಾಳಕ್ಕೆ ಹೊಡೆದಂತಾಯಿತು. "ಏ, ಕೂಡೋ. ಬಯಲು ಉಳದೈತಿ. ಮುಂದಿನ ವರ್ಷ ನೋಡಕೊಳ್ಳೂಣು ಅವರನ್ನ. ಸಂಜಿಗಿ ಎಲ್ಲಾರನ್ನ ಕರಕೊಂಡ ಬಾ," ಎಂದ.

ಅಮೋಘಿ ತಾಯಿಯ ಕೈಯಿಂದ ಪಟಗ ಇಸಿದುಕೊಂಡು ತಲೆಗೆ ಸುತ್ತಿದ. ಗಾಯದ ಬೆರಳಿನ ಅರಿವೆ ಬಿಚ್ಚಿಹೋಗಿತ್ತು, ಅದನ್ನು ಸರಿಮಾಡಲಿಲ್ಲ. ತಾಯಿಯನ್ನು ಮುಂದೆ ಮಾಡಿಕೊಂಡು ಹೊಸ್ತಿಲು ದಾಟಿದ. ಬಸಗೊಂಡಪ್ಪ ಬಾಗಿಲಿನವರೆಗೆ ಬಂದು ಅವನ ಹೆಸರು ಹಿಡಿದು ಕೂಗಿದ. ಮೊದಲು ಬೈಗುಳ ಸೇರಿಸಿ, ಆಮೇಲೆ ಬರೀ ಹೆಸರು. ಅಮೋಘಿ ಓಣಿಯ ತಿರುವಿನಲ್ಲಿ ಮರೆಯಾದ.

ಆ ವಾರವೇ ಅವನು ಹೆಂಡತಿ, ತಾಯಿ, ಕುರಿಗಳ ಜೊತೆ ಮಮದಾಪುರದ ಕೆರೆಗಳ ಕಡೆ ಹೋದನೆಂದು ಸುದ್ದಿ ಬಂತು. ಮಾವನ ಊರಿಗೂ ಹೋಗಲಿಲ್ಲವಂತೆ. ಸಂಜೆ ಬಸಗೊಂಡಪ್ಪ ಚೆಂಡಿಗೆ ಗಾಳಿ ಹೊಡೆದು ಬಯಲಿಗೆ ಹೋಗುತ್ತಿದ್ದ. ನಾಲ್ಕೈದು ಮಂದಿ ಬರುತ್ತಿದ್ದರು. ಅವರನ್ನೂ ಬೈಯುವುದಕ್ಕೆ ಅವನಿಗೆ ಬಾಯಿ ಬರುತ್ತಿರಲಿಲ್ಲ. ಗೋಲಿನ ಮುಂದೆ ಒಬ್ಬೊಬ್ಬರನ್ನೇ ನಿಲ್ಲಿಸಿ ನೋಡಿದ. ಅಮೋಘಿಯ ಹಾಗೆ ಯಾರೂ ಅಲ್ಲಿ ನಿಲ್ಲಲಿಲ್ಲ. ಅಮೋಘಿ ಆ ವರ್ಷ ಬರಲಿಲ್ಲ. ಮರುವರ್ಷವೂ ಬರಲಿಲ್ಲ.