ಹನ್ನೊಂದೂವರೆ ಮೀಟರ್ ತಂತಿ

“ಮನೇಲಿ ಮೀಟರೇ ಇಲ್ಲ, ಮತ್ತೆ ಯಾವ ಕರೆಂಟಿಂದ ಸತ್ತನೇ ನಿನ್ ಗಂಡ?”

ವಿದ್ಯುತ್ ಕಚೇರಿಯ ಇಂಜಿನಿಯರು ಹೀಗೆ ಕೇಳಿದಾಗ ಸುತ್ತಲ ಮೇಜುಗಳವರೆಲ್ಲ ನಕ್ಕರು. ಅತ್ತಿಗೆ ನಗಲಿಲ್ಲ, ಅಳಲೂ ಇಲ್ಲ. ಆ ಕರೆಂಟು ನಮ್ಮ ತಲೆಯ ಮೇಲೆ ಹಾದು ಬೇರೆಯವರ ಮನೆಗೆ ಹೋಗುತ್ತಿದ್ದದ್ದು ಎಂದು ವಿವರಿಸಿದಳು. ಅಣ್ಣ ತಗಡು ತುಂಬಿದ ಕೈಗಾಡಿ ತಳ್ಳಿಕೊಂಡು ಓಣಿಯ ತಿರುವಿಗೆ ಬಂದಾಗ ಕಂಬದ ತಂತಿ ತುಂಡಾಗಿ ಗಾಡಿಯ ಮೇಲೆ ಬಿದ್ದಿತ್ತು. ಗಾಡಿಯ ಹಿಡಿಕೆ ಕಬ್ಬಿಣದ್ದು, ಅಣ್ಣನ ಕಾಲಲ್ಲಿ ಚಪ್ಪಲಿ ಇರಲಿಲ್ಲ, ನೆಲ ಒದ್ದೆಯಾಗಿತ್ತು. ಕರೆಂಟಿಗೆ ಇದಕ್ಕಿಂತ ಒಳ್ಳೆಯ ದಾರಿ ಸಿಗುವಂತಿರಲಿಲ್ಲ.

“ಅದು ನಮ್ ತಂತಿ ಅಲ್ಲ,” ಎಂದರು ಇಂಜಿನಿಯರು. “ಗುಜರಿ ಜನ ನೀವು, ನಿಮಗೆ ತಂತಿಗೇನು ಬರ. ಎಲ್ಲೋ ಕದ್ದದ್ದನ್ನ ಕಂಬಕ್ಕೆ ಸಿಗ್ಸಕ್ಕೆ ಹೋಗಿ ಸತ್ತಿರ್ತಾನೆ.” ವರದಿಯಲ್ಲೂ ಹಾಗೆಯೇ ಬರೆದರು.

ಕೋರ್ಟಿನ ಮುಂದೆ ಕುಳಿತು ಅರ್ಜಿ ಟೈಪು ಮಾಡುವ ಮುದುಕ ನಮಗೆ ಕಾನೂನು ಹೇಳಿಕೊಟ್ಟ. ತಂತಿ ಯಾರದೋ, ಸಾವಿನ ಹೊಣೆಯೂ ಅವರದೇ. ಅವರೇನು ತಪ್ಪು ಮಾಡಿದರೆಂದು ತೋರಿಸುವುದೂ ಬೇಕಿಲ್ಲವಂತೆ. ಆದರೆ ತಂತಿ ಅವರದೆಂಬುದಕ್ಕೆ ಕಾಗದ ಬೇಕು. “ಅವರ ಕೈಯಾರೆ ಬರೆದ ಒಂದೇ ಸಾಲು ತಾ ತಂಗಿ, ಮಿಕ್ಕಿದ್ದು ನಾ ಕುಟ್ತೀನಿ” ಎಂದ.

ತಂತಿಯೇನೋ ನಮ್ಮ ಬಳಿಯೇ ಇತ್ತು. ಅಣ್ಣ ಸತ್ತ ದಿನ ಬಂದ ಲೈನ್‌ಮನ್ ಅವಸರದಲ್ಲಿ ಹೊಸದನ್ನು ಎಳೆದು, ಜನ ಸೇರುವುದನ್ನು ಕಂಡು, ಬಿದ್ದದ್ದನ್ನು ಅಲ್ಲೇ ಬಿಟ್ಟು ಓಡಿದ್ದ. ಅತ್ತಿಗೆ ಅದನ್ನು ಸುತ್ತಿ ಗೋಣಿಚೀಲದಲ್ಲಿಟ್ಟಿದ್ದಳು. ಆರು ಅಲ್ಯೂಮಿನಿಯಂ ಎಳೆ, ನಡುವೆ ಒಂದು ಉಕ್ಕಿನ ಎಳೆ, ಉದ್ದ ಹನ್ನೊಂದೂವರೆ ಮೀಟರ್. ಒಂದು ತುದಿ ಕರಗಿ ಮಣಿಯಂತೆ ಉಂಡೆಯಾಗಿತ್ತು. ಇಪ್ಪತ್ತು ವರ್ಷ ಗುಜರಿ ವಿಂಗಡಿಸಿದ ನಾವು ಅದು ಕಂಬದ್ದೆಂದು ಕಣ್ಣು ಮುಚ್ಚಿಕೊಂಡೂ ಹೇಳಬಲ್ಲೆವು. ಆದರೆ ನಾವು ಹೇಳಿದ್ದು ಕಾಗದವಾಗುವುದಿಲ್ಲ.

ಕಾಗದವನ್ನು ಅವರೇ ಕಳಿಸಿದರು. ಅವರ ಉಗ್ರಾಣದಲ್ಲಿ ಒಂದು ನಿಯಮವಿತ್ತು: ಹೊಸ ತಂತಿ ಒಯ್ದವನು ಅಷ್ಟೇ ಉದ್ದದ ಹಳೆಯದನ್ನು ತಂದೊಪ್ಪಿಸಬೇಕು, ಇಲ್ಲವಾದರೆ ಕಳುವಾಯಿತೆಂದು ಪೊಲೀಸರಿಗೆ ದೂರು ಕೊಡಬೇಕು. ಎರಡು ತಿಂಗಳು ಉಗ್ರಾಣದವನ ಕಾಟ ತಡೆದ ಮೇಲೆ ಇಂಜಿನಿಯರು ದೂರಿಗೆ ಸಹಿ ಹಾಕಿದರು.

ಮರುದಿನ ಬೆಳಿಗ್ಗೆ ಪೇದೆ ಬಂದ. “ಎಲ್ರೋ ತಂತಿ, ಕಳ್ ನನ್ ಮಕ್ಳಾ” ಎನ್ನುತ್ತ ಗೋಣಿಗಳನ್ನು ಒದ್ದ, ಸೀಸೆಗಳ ರಾಶಿ ಕೆಡವಿದ, ಅತ್ತಿಗೆಯ ಹಾಸಿಗೆಯನ್ನೂ ಕೊಡವಿದ. ದೂರಿನಲ್ಲಿ ಏನಿದೆ ಎಂದು ಅತ್ತಿಗೆ ಕೇಳಿದಳು. ಅವನು ಗದರುವ ದನಿಯಲ್ಲೇ ಓದಿದ: “ಓಣಿ ತಿರುವಿನ ನಲವತ್ತಮೂರನೇ ನಂಬರಿನ ಕಂಬದಿಂದ ತುಂಡಾಗಿ ಬಿದ್ದಿದ್ದ, ನಮ್ಮ ಕಚೇರಿಗೆ ಸೇರಿದ ಹನ್ನೊಂದೂವರೆ ಮೀಟರ್ ತಂತಿಯನ್ನು...”

“ಅಲ್ಲೇ ನಿಲ್ಸಿ ಸಾರ್. ಯಾರಿಗೆ ಸೇರಿದ್ದು?”

“ಕಿವುಡೇನೇ? ಕಚೇರಿಗೆ.”

ಅತ್ತಿಗೆ ಇನ್ನೊಮ್ಮೆ ಓದಿಸಿದಳು. ಮೂರನೆಯ ಸಲ ಓದುವ ಹೊತ್ತಿಗೆ ಓಣಿಯ ಹೆಂಗಸರೆಲ್ಲ ಸುತ್ತ ನೆರೆದಿದ್ದರು, ಅವನಿಗೂ ಓದುವ ಉಮೇದು ಬಂದಿತ್ತು.

“ನಾನೇ ಕದ್ದಿದ್ದು,” ಎಂದಳು ಅತ್ತಿಗೆ. “ನಡೀರಿ.”

ನಮ್ಮ ಓಣಿಯವರು ಒದೆ ತಿಂದ ಮೇಲೂ ಕದ್ದೆವೆಂದು ಒಪ್ಪಿದ್ದಿಲ್ಲ. ಪೇದೆ ಗಾಬರಿಯಾಗಿ, ಸ್ವಲ್ಪ ಯೋಚನೆ ಮಾಡಮ್ಮ ಎಂದ. ಅತ್ತಿಗೆ ತಲೆ ಬಾಚಿಕೊಂಡು, ತಂತಿಯ ಸುರುಳಿಯನ್ನು ಹೆಗಲಿಗೇರಿಸಿ ಹೊರಟೇಬಿಟ್ಟಳು. ತನಗಿಂತ ಮೊದಲೇ ಠಾಣೆ ಸೇರಿಬಿಟ್ಟಾಳೆಂದು ಅವನು ಹಿಂದಿನಿಂದ ಓಡೋಡಿ ಬಂದ.

ಠಾಣೆಯ ರೈಟರ್ ದೂರನ್ನು ಆಗಲೇ ದಾಖಲಿಸಿ ನಂಬರು ಹಾಕಿದ್ದ. ಆರೋಪಿಗೆ ಅದರ ಪ್ರತಿ ಕೊಡಲೇಬೇಕೆಂಬುದನ್ನು ನಾನು ಟೈಪಿನ ಮುದುಕನಿಂದ ತಿಳಿದುಕೊಂಡು ಬಂದು ಹೇಳಿದೆ. ಪ್ರತಿ ಕೈಗೆ ಬಂದದ್ದೇ ಅತ್ತಿಗೆ ಮಡಿಸಿ ಕುಪ್ಪಸದೊಳಗೆ ಸೇರಿಸಿದಳು. ಅಷ್ಟರಲ್ಲಿ ಇಂಜಿನಿಯರ ಜೀಪು ಬಂತು. ಕಚೇರಿಯಲ್ಲಿ ಯಾರೋ ವರದಿಯನ್ನೂ ದೂರನ್ನೂ ಒಟ್ಟಿಗೆ ಇಟ್ಟುಕೊಂಡು ಓದಿದ್ದರು.

ಇಂಜಿನಿಯರು ಅತ್ತಿಗೆಯನ್ನು ಮೊದಲ ಬಾರಿಗೆ ಬಹುವಚನದಲ್ಲಿ ಮಾತಾಡಿಸಿದರು. “ನೋಡಿಯಮ್ಮಾ, ಮೊದಲೇ ನೊಂದಿದ್ದೀರಿ. ದೂರು ವಾಪಸ್ ತಗೋತೀನಿ. ನೀವು ಕಳ್ಳರಲ್ಲ.”

“ಅದ್ಹೆಂಗೆ ಸಾರ್? ಕದ್ದಿದೀನಿ. ಮಾಲೂ ತಂದಿದೀನಿ.”

ನಂಬರು ಬಿದ್ದಾಯಿತು, ಇನ್ನು ತನ್ನ ಕೈಯಲ್ಲಿಲ್ಲ ಎಂದ ರೈಟರ್. ಇಂಜಿನಿಯರು ದನಿ ತಗ್ಗಿಸಿದರು. “ಹೋಗ್ಲಿ, ಆ ತಂತಿ ಇತ್ಲಾಗೆ ಕೊಟ್ಬಿಡಿ” ಎಂದು ಕೈ ಚಾಚಿದರು.

ಅತ್ತಿಗೆ ಹೆಗಲಿನಿಂದ ಸುರುಳಿ ಇಳಿಸಿ ಮುಂದೆ ಹಿಡಿದಳು. “ತಗೊಳ್ಳಿ. ನಿಮ್ದೇ ತಾನೆ?”

ಚಾಚಿದ ಕೈ ಅರ್ಧದಲ್ಲೇ ನಿಂತಿತು. ರೈಟರ್ ಪೆನ್ನಿನ ಮುಚ್ಚಳ ತೆಗೆದ.

“ಹೇಳಿ ಸಾರ್. ನಿಮ್ದು ಅಂತ ಬರ್ಕೊಳ್ಳಾ, ಅಲ್ಲ ಅಂತ ಬರ್ಕೊಳ್ಳಾ? ಅಲ್ಲ ಅಂದ್ರೆ ಸುಳ್ಳು ದೂರು ಕೊಟ್ಟಂಗಾಗುತ್ತೆ.”

ಇಂಜಿನಿಯರು ರೈಟರನ್ನು ನೋಡಿದರು, ತಂತಿಯ ಸುಟ್ಟ ತುದಿಯನ್ನು ನೋಡಿದರು. ಅತ್ತಿಗೆ ಸುರುಳಿಯನ್ನು ಇನ್ನಷ್ಟು ಮುಂದೆ ಚಾಚಿದಳು. ಅವರು ಒಂದು ಹೆಜ್ಜೆ ಹಿಂದೆ ಸರಿದರು.