ಆಂಜಿನಪ್ಪನ ಅಂಗಿಯ ಬೆನ್ನು

೧
ಎಲ್ಲಿಂದ ಶುರು ಮಾಡಲಿ? ಸತ್ತವನ ಅಂಗಿಯಿಂದ ಶುರು ಮಾಡಿದರೆ ನೀವು ಪುಟ ಮಗುಚುತ್ತೀರಿ. ಸಿನಿಮಾದಿಂದ ಶುರು ಮಾಡಿದರೆ ಹೀರೋ ಯಾರು ಅಂತ ಕೇಳುತ್ತೀರಿ. (ಅವನಿಗೆ ಹೆಸರಿಟ್ಟಿಲ್ಲ. ಈ ಕಥೆಯಲ್ಲಿ ಅವನ ಬೆನ್ನಿಗಷ್ಟೇ ಪಾತ್ರ.)

೧, ಮತ್ತೆ
ಮಾಲೂರಿನ ಸುನಂದ ಸಿನಿಮಾದ ಕಾಸ್ಟ್ಯೂಮ್ ಡಿಸೈನರ್. ಹೊಸ ಬಟ್ಟೆಯನ್ನು ಹಳತು ಮಾಡುವುದೇ ಅವಳ ಅರ್ಧ ಕಸುಬು: ಟೀ ಡಿಕಾಕ್ಷನ್ನಿನಲ್ಲಿ ನೆನೆಸಿ, ಕಾಲರಿಗೆ ಸ್ಯಾಂಡ್‌ಪೇಪರ್ ಉಜ್ಜಿ, ಬಿಸಿಲಿಗೆ ಹಾಕಿ. ಆದರೂ ಈ ಸಿನಿಮಾದ ಹೀರೋಗೆ ಬೇಕಾದ, ರೇಷ್ಮೆ ಬೆಳೆಯುವವನ ಅಂಗಿ ಮಾತ್ರ ಅವಳ ಕೈಗೆ ಒಗ್ಗಲಿಲ್ಲ. ಅದಕ್ಕೇ ಹುತ್ತೂರಿನಲ್ಲಿ ಮನೆಮನೆಗೆ ಹೋಗಿ, ಹೊಸ ಬಟ್ಟೆ ಕೊಟ್ಟು ತೊಟ್ಟು ಸವೆದದ್ದನ್ನು ಇಸ್ಕೊಂಡಳು. ಒಂದು ಮನೆಯ ಸೊಸೆ ಅನಿತ ಸೀರೆ ತಗೊಂಡು ಮಾವ ಆಂಜಿನಪ್ಪನ ಅಂಗಿ ಕೊಟ್ಟಳು. ಹಿಪ್ಪುನೇರಳೆ ಸೊಪ್ಪಿನ ಹೊರೆ ಹೊತ್ತು ಹೊತ್ತು ಎಡಭುಜಕ್ಕೆ ಕಪ್ಪು ಕರೆ ಹತ್ತಿತ್ತು. ಸುನಂದಳ ಕಣ್ಣು ಅರಳಿತು.

ಅನಿತ ಹೇಳದೆ ಬಿಟ್ಟದ್ದು: ಮಾವ ಹೋಗಿ ಇನ್ನೂ ವರ್ಷ ತುಂಬಿಲ್ಲ. ಅತ್ತೆ ಆದಿಲಕ್ಷ್ಮಮ್ಮ ಆ ಅಂಗಿಯನ್ನು ತಲೆದಿಂಬಿನ ಕೆಳಗಿಟ್ಟುಕೊಂಡು ಮಲಗುತ್ತಾಳೆ. ಈಗ ಅವಳು ಕುರುಡುಮಲೆ ಗಣಪನ ಗುಡಿಗೆ ಹೋಗಿದ್ದಾಳೆ.

೨
(ಅನಿತಳನ್ನು ಕೆಟ್ಟವಳು ಮಾಡಿದ್ದ ಕರಡು. ಹರಿದು ಹಾಕಿದೆ. "ಅತ್ತೆ ಅಳೋದು ನೀವು ಕೇಳಿದ್ದೀರಾ ಸಾರ್? ಕಣ್ಮುಂದೆ ಇಲ್ದಿದ್ರೆ ಮರೀತಾರೆ ಅಂದ್ಕೊಂಡೆ" ಅಂತ ಅನಿತಳೇ ನನಗೆ ಅಂದಳು.)

೩
ಆದಿಲಕ್ಷ್ಮಮ್ಮ ಸೊಸೆಯ ಬಾಯಿ ಬಿಡಿಸಿ, ಬಸ್ಸು ಹಿಡಿದು, ಮುಳಬಾಗಿಲ ಹತ್ತಿರ ಶೂಟಿಂಗ್ ನಡೆಯುತ್ತಿದ್ದ ಸೊಪ್ಪಿನ ತೋಟಕ್ಕೇ ಬಂದಳು.

"ಬಟ್ಟೆ ತಗೊಂಡೋದ ತಲ್ಲಿ ನೀನೇನಾ? ನಮ್ಮೆಜಮಾನ್ರ ಅಂಗಿ ಕೊಡು ತಾಯಿ. ನಿನ್ ಸೀರೆ ತಗೋ, ಮಡಿಕೇನೂ ಬಿಚ್ಚಿಲ್ಲ."

ಸುನಂದ ತೋಟದ ಸಾಲಿನ ಕಡೆ ನೋಡಿದಳು. ಅಂಗಿ ಹೀರೋ ಮೈಮೇಲಿತ್ತು. ಈಗ ಅವನು ಹೊರೆ ಹೊತ್ತು ಹೋಗುವ ಶಾಟ್. ಅದು ಮುಗಿದರೆ ಕೊಲೆಯ ಸೀನ್: ಅದೇ ಅಂಗಿಯ ಬೆನ್ನು ಸೀಳಿ ಬಣ್ಣದ ರಕ್ತ ಸುರಿಯಬೇಕು. ಅವಳು ಇನ್ನೊಂದು ಅಂಗಿಯನ್ನು ಇದರ ಹಾಗೇ ಹಳತು ಮಾಡಿಟ್ಟಿದ್ದಳು. ಭುಜದ ಕರೆ ಹೊಂದಲ್ಲ ಅಂತ ಡೈರೆಕ್ಟರ್ ಚಂದ್ರಮೋಹನ್ ಒಪ್ಪಿರಲಿಲ್ಲ.

"ಒಗೆದ್ಬಿಟ್ಯಾ?"

"ಹೂಂ ಅಮ್ಮ. ನಮ್ಮಲ್ಲಿ ಮೊದಲು ಒಗೀತೀವಿ."

"ಹಂಗಾದ್ರೆ ವಾಸ್ನೆ ಹೋಯ್ತು" ಅಂದಳು ಆದಿಲಕ್ಷ್ಮಮ್ಮ, ಸುನಂದಳಿಗಲ್ಲ, ಕೈಯಲ್ಲಿದ್ದ ಸೀರೆಗೆ.

೪. ಅಂತ್ಯಗಳು
ಅ) ಸುನಂದ ಡೂಪ್ಲಿಕೇಟ್ ಕೊಡುತ್ತಾಳೆ. ಮುದುಕಿ ಅದನ್ನೇ ಎದೆಗವಚಿಕೊಂಡು ಬಸ್ಸು ಹತ್ತುತ್ತಾಳೆ. (ಸುನಂದ ನನ್ನ ಪೆನ್ನು ಹಿಡಿದಳು: "ಸಾರ್, ನಾನು ಮೋಸ ಮಾಡೋದು ಕ್ಯಾಮೆರಾಗೆ. ಈಯಮ್ಮಂಗಲ್ಲ.")

ಆ) ಶೂಟಿಂಗ್ ನಿಲ್ಲಿಸಿ ಅಸಲನ್ನೇ ಬಿಚ್ಚಿಸಿ ಕೊಡುತ್ತಾಳೆ. ("ಆಮೇಲೆ ನನಗೆ ಕೆಲಸ ನೀವು ಕೊಡಿಸ್ತೀರಾ? ಕಥೆ ಬರೆಯೋರ ಹತ್ರ ಯಾವತ್ತು ಕೆಲಸ ಇತ್ತು?")

ಇ)

೫
ಇ ಅಂತ ಬರೆಯುವಷ್ಟರಲ್ಲಿ ಚಂದ್ರಮೋಹನ್ "ಆಕ್ಷನ್" ಅಂದುಬಿಟ್ಟ.

ಹಿಪ್ಪುನೇರಳೆ ಸಾಲಿನ ನಡುವೆ, ಎಡಭುಜದ ಮೇಲೆ ಹೊರೆ ಹೊತ್ತು, ಅಂಗಿ ಆ ಕಡೆ ಹೊರಟಿತು. ಭಾರಕ್ಕೆ ಬೆನ್ನಿನ ಬಟ್ಟೆ ಓರೆಯಾಗಿ ಜಗ್ಗಿತು. ಆದಿಲಕ್ಷ್ಮಮ್ಮನ ಕೈಯಿಂದ ಸೀರೆ ಜಾರಿತು. ಅವಳು ಸುನಂದಳ ಮಣಿಕಟ್ಟು ಹಿಡಿದಳು.

"ತಲ್ಲಿ, ಆಯಪ್ಪಂಗೆ ಹೇಳು, ಈ ಕಡೆ ತಿರುಗ್ಬೇಡ ಅಂತ."

"ಶಾಟ್ ಮುಗಿದ್ಮೇಲೆ ತಿರುಗ್ಲೇಬೇಕಲ್ಲಮ್ಮ."

"ತಿರುಗಿದ್ರೆ ಬೇರೆ ಯಾರೋ ಆಗ್ಬಿಡ್ತಾನೆ ಕಣೇ."

'ಕಟ್' ಅನ್ನಲು ಚಂದ್ರಮೋಹನ್ ಬಾಯಿ ತೆರೆದ. ಸುನಂದ ಕೈಯೆತ್ತಿದಳು. "ಸಾರ್, ಇನ್ನೊಂಚೂರು ಹೋಗ್ಲಿ. ಅಂಗಿ ಚೆನ್ನಾಗಿ ಬರ್ತಿದೆ."

೬
ಊರ ಜಗಲಿಯಲ್ಲಿ ಕಾವ್ಯ ವಾಚನ ಕೇಳಿ ಬೆಳೆದವನು ನಾನು. ಬಾಣ ವೀರನ ಎದೆಗೆ ತಾಗುವ ಸಾಲು ಹತ್ತಿರವಾದಾಗ ಓದುವವರು ಅದರ ಹಿಂದಿನ ಸಾಲನ್ನೇ ಎಳೆದು ಎಳೆದು ಹಾಡುತ್ತಿದ್ದರು. ಮುಂದೇನು ಅಂತ ಜಗಲಿಯಲ್ಲಿ ಕೂತ ಎಲ್ಲರಿಗೂ ಗೊತ್ತು. ಆದರೂ ಆ ಉಸಿರು ಮುಗಿಯುವವರೆಗೆ ಅವನು ಬದುಕಿರುತ್ತಿದ್ದ.

ಅಂಗಿ ಸೀಳಿದರಾ, ಕೊಟ್ಟರಾ ಅಂತ ಕೇಳಬೇಡಿ. ಚಂದ್ರಮೋಹನನ ಬಾಯಿ ತೆರೆದೇ ಇದೆ. 'ಕಟ್' ಅನ್ನುವ ಆ ಪದವನ್ನು ನಾನು ಅವನಿಗೆ ಕೊಟ್ಟಿಲ್ಲ. ಸಾಲು ಇನ್ನೂ ಉದ್ದ ಇದೆ. ಮುದುಕಿ ರೆಪ್ಪೆ ಬಡಿದಿಲ್ಲ.

ನಡಿಯಪ್ಪಾ. ಆ ಕಡೆಗೇ, ಹಾಗೇ