ಸೇತುವೆಯ ಮೇಲೆ ಇಂಟರ್ವಲ್

೧

ಎಲ್ಲಿಂದ ಶುರು ಮಾಡಲಿ? ಬೆಟ್ಟದಿಂದ ಶುರು ಮಾಡಿದರೆ ಮಂಜು ಬರುತ್ತದೆ, ಮಂಜು ಬಂದರೆ ವರ್ಣನೆ ಬರುತ್ತದೆ, ವರ್ಣನೆ ಬಂದರೆ ನೀವು ಎರಡು ಪುಟ ಹಾರಿಸುತ್ತೀರಿ. (ಹಾರಿಸಿ. ನಾನೂ ಹಾಗೇ ಮಾಡುವುದು.) ಬಸ್ಸಿನಿಂದ ಶುರು ಮಾಡೋಣವೆಂದರೆ ಬಸ್ಸು ಇನ್ನೂ ಹೊರಟಿಲ್ಲ. ಗೈಡು ತಲೆ ಎಣಿಸುತ್ತಿದ್ದಾನೆ. ಪ್ರತಿ ಸ್ಟಾಪಿನಲ್ಲೂ ಎಣಿಸುತ್ತಾನಂತೆ, ಪ್ರತಿ ಸಲವೂ ತನ್ನನ್ನು ಸೇರಿಸಿಕೊಳ್ಳಬೇಕೋ ಬೇಡವೋ ಎಂದು ಗೊಂದಲಕ್ಕೆ ಬಿದ್ದು ಮತ್ತೆ ಮೊದಲಿನಿಂದ ಎಣಿಸುತ್ತಾನಂತೆ.

ಅವನ ಎಣಿಕೆ ಮುಗಿಯುವುದರೊಳಗೆ ನಡುವಿನ ಸಾಲಿನಲ್ಲಿ ಕುಳಿತ ಗಂಡ ಹೆಂಡತಿಯನ್ನು ಪರಿಚಯಿಸಿಬಿಡುತ್ತೇನೆ. ಗಂಡ ಕನ್ನಡಕದ ಅಂಗಡಿ ಇಟ್ಟಿದ್ದವರು, ಈಗ ಅಂಗಡಿ ಮಗಳದು. ಕನ್ನಡಕದವರು ಎಂದೇ ಕರೆಯೋಣ. ಹೆಂಡತಿ ಸ್ಕೂಲಿನಲ್ಲಿ ಡ್ರಿಲ್ ಟೀಚರ್ ಆಗಿ ರಿಟೈರ್ ಆದವರು. ಕೊರಳಿನ ಸೀಟಿ ಮಾತ್ರ ಇನ್ನೂ ರಿಟೈರ್ ಆಗಿಲ್ಲ.

ಟಿಕೆಟ್ ಮಾಡಿಸಿದ್ದು ಮಗಳು. ಬೆಟ್ಟ, ಜಲಪಾತ, ಹುಲ್ಲುಗಾವಲು, ಒಂದೇ ದಿನದಲ್ಲಿ ಹೋಗಿ ಬರಬಹುದು ಎಂದು ಜಾಹೀರಾತಿನಲ್ಲಿ ಓದಿ ಖುಷಿಯಾಗಿ ಮಾಡಿಸಿಬಿಟ್ಟಳು. ಅದರ ಕೆಳಗೆ ಸಣ್ಣಕ್ಷರದಲ್ಲಿ, ಆ ಹಳೆಯ ಸಿನಿಮಾದ ಶೂಟಿಂಗ್ ನಡೆದ ಜಾಗಗಳನ್ನು ಕಥೆಯ ಸಮೇತ ತೋರಿಸುತ್ತೇವೆ ಎಂದಿತ್ತು. ಅದನ್ನು ಓದಲಿಲ್ಲ. ಕನ್ನಡಕದ ಅಂಗಡಿಯವಳು ಬೇರೆ.

ಬಸ್ಸು ಹತ್ತಿದ ಮೇಲೆಯೇ ಗೈಡು ಸಿನಿಮಾದ ಹೆಸರು ಹೇಳಿದ್ದು. ಡ್ರಿಲ್ ಟೀಚರ್ ಗಂಡನ ಕಡೆ ನೋಡಿದರು. ಗಂಡ ಕಿಟಕಿಯ ಕಡೆ ನೋಡಿದರು.

೨

ಕಥೆಯ ಗುಟ್ಟನ್ನು ಕೊನೆಯವರೆಗೂ ಮುಚ್ಚಿಡುವುದೇ ಜಾಣತನವಂತೆ. ನನ್ನ ಬಾಯಲ್ಲಿ ಗುಟ್ಟು ನಿಲ್ಲುವುದಿಲ್ಲ, ಈಗಲೇ ಹೇಳಿಬಿಡುತ್ತೇನೆ.

ಮಗಳು ಹುಟ್ಟಿದ ದಿನ ಇವರಿಬ್ಬರೂ ಅದೇ ಸಿನಿಮಾಕ್ಕೆ ಹೋಗಿದ್ದರು. ಡಾಕ್ಟರು ಹೇಳಿದ ದಿನಕ್ಕೆ ಇನ್ನೂ ಸಮಯವಿತ್ತು. ಪರದೆಯ ಮೇಲೆ ಹೀರೋಯಿನ್ ಸೂಟ್‌ಕೇಸ್ ಹಿಡಿದು ತೂಗುಸೇತುವೆಯ ನಡುಮಧ್ಯ ನಿಂತಳು. ಆ ದಡದಲ್ಲಿ ಹೀರೋ, ಈ ದಡದಲ್ಲಿ ಅವಳ ಅಪ್ಪ. ಯಾವ ಕಡೆ ಹೆಜ್ಜೆ ಇಡುತ್ತಾಳೆ ಎನ್ನುವಷ್ಟರಲ್ಲಿ ಇಂಟರ್ವಲ್. ಕನ್ನಡಕದವರು ಕಡಲೆಕಾಯಿ ತರಲು ಹೋದರು. ಅಷ್ಟರಲ್ಲಿ ಹೆಂಡತಿಗೆ ನೋವು ಶುರುವಾಗಿ, ಹಿಂದಿನ ಸಾಲಿನಲ್ಲಿದ್ದ ಪಕ್ಕದ ಮನೆಯಾಕೆ ಅವರನ್ನು ಆಟೋ ಹತ್ತಿಸಿಕೊಂಡು ಹೋಗಿಯೇಬಿಟ್ಟರು. ಕನ್ನಡಕದವರು ಎರಡು ಪೊಟ್ಟಣ ಹಿಡಿದು ಬಂದಾಗ ಸೀಟು ಖಾಲಿ. ಗೇಟಿನವನು ವಿಷಯ ಹೇಳಿದ. ಪೊಟ್ಟಣದ ಸಮೇತ ಓಡಿದರು.

ಊರಲ್ಲಿ ಎರಡು ಆಸ್ಪತ್ರೆ. ಅವರು ಓಡಿದ್ದು ಇನ್ನೊಂದಕ್ಕೆ. ಹೆರಿಗೆ ವಾರ್ಡಿನ ಹೊರಗೆ ಕುಳಿತಿದ್ದವರ ಕೈಗೆ ನರ್ಸು ಒಂದು ಗಂಡು ಮಗುವನ್ನು ಕೊಟ್ಟಳು. ಕನ್ನಡಕದವರು ಅತ್ತರು, ಬೆಂಚಿನಲ್ಲಿದ್ದವರಿಗೆಲ್ಲ ಕಡಲೆಕಾಯಿ ಹಂಚಿದರು, ಮೂಗು ಥೇಟ್ ನಮ್ಮಪ್ಪನದೇ ಎಂದು ಸಾರಿದರು. ಆಗ ಮಗುವಿನ ಅಪ್ಪ ಬಂದ. (ಅವನ ಮೂಗೂ ಹಾಗೇ ಇತ್ತು.)

ಸರಿಯಾದ ಆಸ್ಪತ್ರೆ ಹುಡುಕಿಕೊಂಡು ಬರುವಷ್ಟರಲ್ಲಿ ಥಿಯೇಟರಿನಿಂದ ಜನ ಹೊರಬಂದು ಮನೆ ಸೇರಿಯಾಗಿತ್ತು. ಹೆಂಡತಿ ಮಲಗಿದ್ದಲ್ಲಿಂದಲೇ ಕೇಳಿದರು: "ಪಿಕ್ಚರ್ ಪೂರ್ತಿ ನೋಡ್ಕೊಂಡ್ ಬಂದ್ರಾ?"

ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು. ಕಂಡವರ ಮಗುವನ್ನು ಎತ್ತಿಕೊಂಡು ಅತ್ತ ಪೆದ್ದ ಎನ್ನಿಸಿಕೊಳ್ಳುವುದಕ್ಕಿಂತ ಸಿನಿಮಾ ಹುಚ್ಚ ಎನ್ನಿಸಿಕೊಳ್ಳುವುದೇ ವಾಸಿ ಎಂದು ಆ ಗಳಿಗೆಯಲ್ಲಿ ಅವರಿಗೆ ತೋಚಿತು. "ಹೂಂ" ಎಂದರು.

"ಹಾಗಾದ್ರೆ ಅದರ ಕೊನೆ ನನ್ನ ಮುಂದೆ ಯಾವತ್ತೂ ಎತ್ತಬೇಡಿ" ಎಂದರು ಹೆಂಡತಿ.

ಆ ಮಗಳ ತಲೆಯಲ್ಲಿ ಈಗ ಬಿಳಿಕೂದಲು. ಇವತ್ತಿನವರೆಗೂ ಡ್ರಿಲ್ ಟೀಚರ್ ಆ ಸಿನಿಮಾದ ಕೊನೆಯನ್ನು ಕೇಳಿಲ್ಲ, ನೋಡಿಲ್ಲ. ಟೀವಿಯಲ್ಲಿ ಬಂದರೆ ಟೀವಿ ಆಫ್. ಹಾಲು ಉಕ್ಕಿಸಿದರೂ, ಕೊಡೆ ಕಳೆದರೂ, "ಅರ್ಧ ಪಿಕ್ಚರ್ ಬಿಟ್ಟು ಬರೋಕಾಗದೋರು" ಎಂಬ ಒಂದೇ ಬೈಗುಳ. ಕನ್ನಡಕದವರಿಗೋ ಬಾಯಲ್ಲಿ ಬಿಸಿ ತುಪ್ಪ, ಉಗುಳುವಂತಿಲ್ಲ, ನುಂಗುವಂತಿಲ್ಲ. ನೋಡಿದ್ದೇನೆ ಎಂದ ಸಿನಿಮಾದ ಕೊನೆಯನ್ನು ಯಾರ ಹತ್ತಿರ ಕೇಳುವುದು?

೪

(ಮೂರನೆಯ ಭಾಗ ಹರಿದು ಹಾಕಿದೆ. ಅದರಲ್ಲಿ ಗೈಡಿಗೊಂದು ಪ್ರೇಮಪ್ರಸಂಗವಿತ್ತು, ಜಲಪಾತದ ವರ್ಣನೆಯೂ ಇತ್ತು. ಜಲಪಾತ ಚೆನ್ನಾಗಿಯೇ ಬಿದ್ದಿತ್ತು. ಆದರೆ ಬಸ್ಸಿನಲ್ಲಿ ಒಬ್ಬ ಮುದುಕ ಸಂಕಟದಲ್ಲಿರುವಾಗ ನೀರು ಬೀಳುವುದನ್ನು ನೋಡುತ್ತ ನಿಲ್ಲಲು ನನಗೆ ಮನಸ್ಸಾಗಲಿಲ್ಲ.)

ಬೆಳಿಗ್ಗೆಯೆಲ್ಲ ಫಸ್ಟ್ ಹಾಫ್. ಹೀರೋಯಿನ್ ಹಾಡಿದ ಬಂಡೆ, ಹೀರೋ ಸೈಕಲ್ಲಿನಿಂದ ಬಿದ್ದ ತಿರುವು, ಅವಳ ಅಪ್ಪ ಕೋವಿ ಹಿಡಿದು ನಿಂತ ಬಂಗಲೆ. ಗೈಡು ಮೈಕಿನಲ್ಲಿ ಒಂದು ಹೇಳಿದರೆ ಡ್ರಿಲ್ ಟೀಚರ್ ಎರಡು ತಿದ್ದುತ್ತಿದ್ದರು. ಸೀರೆ ನೀಲಿಯಲ್ಲ, ಹಸಿರು. ಬಿದ್ದಾಗ ಪೆಟ್ಟಾದದ್ದು ಎಡಗಾಲಿಗಲ್ಲ, ಬಲಗಾಲಿಗೆ. ಬಂಗಲೆಯ ಹತ್ತಿರ ಬರುವಷ್ಟರಲ್ಲಿ ಗೈಡು ವಾಕ್ಯ ಮುಗಿಸುವ ಮೊದಲು ಅವರ ಮುಖ ನೋಡಿಕೊಳ್ಳುವ ಸ್ಥಿತಿಗೆ ಬಂದಿದ್ದ. ನೋಡಿದ ಅರ್ಧವನ್ನು ಅವರು ಅಷ್ಟು ಜೋಪಾನವಾಗಿ ಇಟ್ಟುಕೊಂಡಿದ್ದರು.

ಊಟಕ್ಕೆ ನಿಂತದ್ದು ತೂಗುಸೇತುವೆಯ ಬಳಿ. ಡ್ರಿಲ್ ಟೀಚರ್ ಬುತ್ತಿಯನ್ನು ಗಂಡನ ಕೈಗಿಟ್ಟು, ಒಬ್ಬರೇ ಹೋಗಿ ಸೇತುವೆಯ ನಡುವೆ ನಿಂತರು. ಕೈಯಲ್ಲಿ ಸೂಟ್‌ಕೇಸ್ ಇರಲಿಲ್ಲ, ನೀರಿನ ಬಾಟಲಿ ಇತ್ತು. ಆ ದಡ ನೋಡಿದರು, ಈ ದಡ ನೋಡಿದರು. ಈ ದಡದಲ್ಲಿ ಗಂಡ ಬುತ್ತಿಯ ಮುಚ್ಚಳ ತೆಗೆಯಲಾರದೆ ಒದ್ದಾಡುತ್ತಿದ್ದರು. ಟೀಚರ್ ವಾಪಸ್ ಬಂದು ಮುಚ್ಚಳ ತೆಗೆದುಕೊಟ್ಟರು.

ಊಟವಾದ ಮೇಲೆ ಪರ್ಸಿನಿಂದ ಹತ್ತಿ ತೆಗೆದು, "ನಂಗೆ ಪಿಕ್ಚರ್ ಇಲ್ಲಿಗೆ ಮುಗೀತು" ಎಂದು ಎರಡೂ ಕಿವಿಗೆ ತುರುಕಿಕೊಂಡರು.

ಕನ್ನಡಕದವರು ಲೆಕ್ಕ ಹಾಕಿದರು. ಹೆಂಡತಿಗೆ ಕೇಳಿಸುವುದಿಲ್ಲ, ತಮಗೆ ಕೇಳಿಸುತ್ತದೆ. ಇಷ್ಟು ವರ್ಷದ ಮೇಲೆ ಕೊನೆಗೂ ಸೆಕೆಂಡ್ ಹಾಫ್.

೫

ಕೈ ತೊಳೆಯುವ ನಲ್ಲಿಯ ಹತ್ತಿರ ಅವರು ನನ್ನನ್ನು ಹಿಡಿದುಕೊಂಡರು. (ನಾನು ಹಿಂದಿನ ಸೀಟಿನಲ್ಲಿದ್ದೇನೆ. ಟಿಕೆಟ್ ತೆಗೆದುಕೊಂಡೇ ಬಂದಿದ್ದೇನೆ, ಸಂಶಯ ಬೇಡ.)

"ಇದನ್ನೆಲ್ಲ ಬರೀತಿರೋರು ನೀವೇ ತಾನೆ? ಕೊನೆ ಏನಾಗುತ್ತೆ ಅಂತ ನಂಗೊಂದು ಮಾತು ಹೇಳ್ಬಿಡಿ. ಗೈಡನ್ನ ನಂಬ್ಕೊಂಡು ಕೂರೋಕಾಗಲ್ಲ."

ನಾನು ಇಂಗು ತಿಂದ ಮಂಗನಂತೆ ನಿಂತೆ. ಸಿನಿಮಾವನ್ನು ಹುಟ್ಟಿಸಿದವನು ನಾನೇ ನಿಜ. ಆದರೆ ಇಂಟರ್ವಲ್ಲಿನವರೆಗೆ ಮಾತ್ರ ಹುಟ್ಟಿಸಿದ್ದೆ. ಈ ಕಥೆಗೆ ಅಷ್ಟು ಸಾಕಾಗಿತ್ತು.

"ಅಂದ್ರೆ ನಿಮಗೂ ಗೊತ್ತಿಲ್ಲ."

"ಇಲ್ಲ ಸರ್."

"ನಾನಾದ್ರೂ ಹೆಂಡ್ತಿಗೆ ಹೆದರಿ ಸುಳ್ಳು ಹೇಳ್ದೆ. ನಿಮಗೇನಾಗಿತ್ತು?"

ಇದಕ್ಕೆ ಉತ್ತರ ಹೊಳೆದರೆ ಮುಂದಿನ ಭಾಗದಲ್ಲಿ ಸೇರಿಸುತ್ತೇನೆ.

೬

(ಹೊಳೆಯಲಿಲ್ಲ.)

ದೇವರು ವರ ಕೊಟ್ಟರೂ ಪೂಜಾರಿ ಕೊಡ. ಸೇತುವೆಯ ಬಳಿಯಿಂದ ಹೊರಟ ಮೊದಲ ತಿರುವಿನಲ್ಲೇ ಮೈಕು ಕೆಟ್ಟಿತು. (ನಾನು ಕೆಡಿಸಲಿಲ್ಲ. ನಂಬಿದರೆ ನಂಬಿ.) ಗೈಡು ಬರಿಬಾಯಲ್ಲಿ ಹೇಳತೊಡಗಿದ. ಅದು ಮುಂದಿನ ಸಾಲಿಗಷ್ಟೇ ಕೇಳಿಸುತ್ತಿತ್ತು. ಕನ್ನಡಕದವರು ಸೀಟಿನ ತುದಿಗೆ ಬಂದರು, ಆಮೇಲೆ ಅರ್ಧ ಎದ್ದರು, ಆಮೇಲೆ ಮುಂದಿನ ಸೀಟಿನ ಕಂಬಿ ಹಿಡಿದು ಹೂವಿಗೆ ಕೈ ಚಾಚುವವರ ಹಾಗೆ ಬಾಗಿದರು. ಕೇಳಿಸಿದ್ದು ಎಂಜಿನ್ನಿನ ಸದ್ದು. ನಡುನಡುವೆ "ಆವಾಗ ಅವಳು" ಎಂದು ಎರಡು ಸಲ, "ಕುದುರೆ" ಎಂದು ಒಂದು ಸಲ.

ಮುಂದಿನ ಸಾಲಿನ ಹೆಂಗಸು ಕಣ್ಣೊರೆಸಿಕೊಂಡರು. ಕನ್ನಡಕದವರು ಮೆಲ್ಲಗೆ, ಏನಾಯಿತಂತೆ ಎಂದು ವಿಚಾರಿಸಿದರು. ಪಾಪ, ಹಾಗಾಗಬಾರದಿತ್ತು ಎಂದರು ಆಕೆ. ಆಕೆಯ ಗಂಡ, ಆದದ್ದೇ ಒಳ್ಳೆಯದಾಯಿತು ಎಂದ. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು. ಅಲ್ಲಿಂದ ಗಂಡಹೆಂಡಿರಲ್ಲಿ ಶುರುವಾದ ವಾದ ಸಿನಿಮಾ ಬಿಟ್ಟು ಆಕೆಯ ನಾದಿನಿಯ ಮದುವೆಯವರೆಗೆ ಹೋಯಿತು. ಏನಾಯಿತು ಎಂಬುದು ಮಾತ್ರ ಯಾರ ಬಾಯಿಂದಲೂ ಬರಲಿಲ್ಲ.

ಗಂಡನ ಈ ಕಸರತ್ತನ್ನೆಲ್ಲ ಡ್ರಿಲ್ ಟೀಚರ್ ಕಿಟಕಿಯ ಗಾಜಿನಲ್ಲಿ ನೋಡುತ್ತಿದ್ದರು. ನಾನು ಅವರನ್ನು ನೋಡುತ್ತಿದ್ದೆ. ಬೈಯುತ್ತಾರೆ ಎಂದುಕೊಂಡೆ. ಬೈಗುಳವನ್ನು ಬರೆದೂ ಇಟ್ಟುಕೊಂಡಿದ್ದೆ. ಅವರು ಬೈಯಲಿಲ್ಲ.

೭

ಕೊನೆಯ ಸ್ಟಾಪು. ಬೆಟ್ಟದ ನೆತ್ತಿಯಲ್ಲಿ ಬರೀ ಹುಲ್ಲು, ಅಂಚಿನಲ್ಲೊಂದು ಬಂಡೆ, ಹುಲ್ಲಿನ ನಡುವೆ ಒಂದು ಬಿಳಿ ಕಬ್ಬಿಣದ ಗೇಟು. ಆಚೀಚೆ ಗೋಡೆಯಿಲ್ಲ, ಬೇಲಿಯಿಲ್ಲ. ಕ್ಲೈಮ್ಯಾಕ್ಸಿಗಾಗಿ ನಿಲ್ಲಿಸಿದ ಗೇಟಂತೆ, ಶೂಟಿಂಗಿನವರು ಕಿತ್ತುಕೊಂಡು ಹೋಗುವುದನ್ನು ಮರೆತರಂತೆ. ಸುತ್ತು ಹಾಕಿ ಹೋಗಬಹುದಾದರೂ ಎಲ್ಲರೂ ಅದನ್ನು ತೆರೆದುಕೊಂಡೇ ಆಚೆ ಹೋದರು, ಕೊನೆಯವರು ಮುಚ್ಚಿಯೂ ಬಂದರು.

ಗೈಡು ಗಂಟಲು ಸರಿಮಾಡಿಕೊಂಡು, "ಈ ಗೇಟಿನ ಹತ್ರಾನೇ ಕೊನೇಲಿ" ಎಂದ.

ಸೀಟಿ ಮೊಳಗಿತು. ಎಲ್ಲರೂ ಇದ್ದಲ್ಲೇ ನಿಂತರು. ಡ್ರೈವರು ಕೂಡ.

ಡ್ರಿಲ್ ಟೀಚರ್ ಕಿವಿಯ ಹತ್ತಿ ತೆಗೆದರು. ನೀವೆಲ್ಲ ಆ ಬಂಡೆಯ ಹತ್ತಿರ ಹೋಗಿ ಫೋಟೋ ತೆಗೆದುಕೊಳ್ಳಿ ಎಂದರು. ಅವರು ಹೇಳಿದ ರೀತಿಗೆ ಜನ ಎತ್ತರದ ಪ್ರಕಾರ ಸಾಲಾಗಿ ಹೊರಟರು. ಗೇಟಿನ ಬಳಿ ಇಬ್ಬರೇ ಉಳಿದರು.

"ಅವನ ಬಾಯಲ್ಲಿ ಬೇಡ" ಎಂದರು ಗಂಡನಿಗೆ. "ನೀವು ಹೇಳಿ."

ಕನ್ನಡಕದವರು ಕನ್ನಡಕ ತೆಗೆದು ಒರೆಸಿದರು. ಮತ್ತೆ ಹಾಕಿಕೊಂಡರು.

"ಆ ಕೊನೆ ಬಗ್ಗೆ ಮಾತಾಡೋಕೆ ಎಷ್ಟು ಆಸೆ ಪಡ್ತಿದೀರಿ ಅಂತ ಬಸ್ಸಲ್ಲಿ ನೋಡ್ದೆ. ಅವತ್ತು ಪಕ್ಕದಲ್ಲಿ ನೀವಿಲ್ಲ ಅಂತ ನಂಗೆ ತುಂಬ ಭಯ ಆಗಿತ್ತು ಕಣ್ರೀ. ಅದು ಕೋಪ ಅಲ್ಲ, ಭಯ. ನಾನೇ ಅದಕ್ಕೆ ಕೋಪ ಅಂತ ಹೆಸರಿಟ್ಕೊಂಡಿದ್ದೆ. ಸಾಕು, ಅದನ್ನ ಮತ್ತೆ ಮನೆಗೆ ಹೊತ್ಕೊಂಡು ಹೋಗಲ್ಲ. ಹೇಳಿ, ಏನಾಗುತ್ತೆ?"

ನೋಡಿ ಈಗ. ಬಾಯಿ ಬಿಡುವುದಕ್ಕೆ ಅಪ್ಪಣೆ ಸಿಕ್ಕಿದೆ, ಬಾಯಲ್ಲಿ ಏನೂ ಇಲ್ಲ. ಕನ್ನಡಕದವರು ಹೆಂಡತಿಯ ಭುಜದ ಮೇಲಿಂದ ನನ್ನ ಕಡೆ ನೋಡಿದರು. ನಾನು ಬಂಡೆಯ ಮರೆಯಲ್ಲಿ ಅವಸರವಸರವಾಗಿ ಬರೆದೆ.

ಮುಕ್ತಾಯ ಒಂದು: ಹೀರೋ ಕುದುರೆಯ ಮೇಲೆ ಬಂದು ಅವಳನ್ನು ಕರೆದುಕೊಂಡು ಹೋಗುತ್ತಾನೆ. (ಕನ್ನಡಕದವರು ಬೇಡವೆಂದು ತಲೆಯಾಡಿಸಿದರು. ಇಷ್ಟು ಹೊತ್ತು ಕಾಯಿಸಿ ಇದನ್ನು ಹೇಳಿದರೆ ಸೀಟಿಯಲ್ಲೇ ಹೊಡೆಯುತ್ತಾಳೆ.)

ಮುಕ್ತಾಯ ಎರಡು: ಹೀರೋ ಸಾಯುತ್ತಾನೆ, ಗೇಟು ಗಾಳಿಗೆ ತಾನೇ ಮುಚ್ಚಿಕೊಳ್ಳುತ್ತದೆ. (ಈ ವಯಸ್ಸಿನಲ್ಲಿ ಅವಳನ್ನು ಅಳಿಸುವ ಧೈರ್ಯ ನನಗಿಲ್ಲ, ನಿಮಗಿದ್ದರೆ ನೀವೇ ಬಂದು ಹೇಳಿ ಎಂಬಂತೆ ನೋಡಿದರು.)

ಮುಕ್ತಾಯ ಮೂರು: ನಿಜ ಹೇಳಿ, ಸರ್. (ಅವರು ನನ್ನತ್ತ ನೋಡುವುದನ್ನೇ ನಿಲ್ಲಿಸಿದರು.)

ನಾನು ನಾಲ್ಕನೆಯದನ್ನು ಬರೆಯುತ್ತಿದ್ದೆ, ಅಷ್ಟರಲ್ಲಿ ಅವರೇ ಶುರು ಮಾಡಿದರು. ಇಲ್ಲಿಂದ ಮುಂದೆ ನನ್ನದು ಬರೀ ಕೇಳಿಸಿಕೊಳ್ಳುವ ಕೆಲಸ.

"ಇಂಟರ್ವಲ್ ಆದ್ಮೇಲೆ ಹೀರೋ ಓಡ್ತಾನೆ. ಎಲ್ಲಿಗೆ ಅಂತ ಸರಿಯಾಗಿ ಗೊತ್ತಿಲ್ಲ, ಸುಮ್ನೆ ಓಡ್ತಾನೆ. ಊರಲ್ಲಿ ಎರಡು ಆಸ್ಪತ್ರೆ ಇರುತ್ತೆ."

"ಆ ಪಿಕ್ಚರಲ್ಲಿ ಆಸ್ಪತ್ರೆ ಎಲ್ಲಿಂದ ಬಂತು?"

"ಸೆಕೆಂಡ್ ಹಾಫಲ್ಲಿ ಬರುತ್ತೆ. ಅವನ ಕೈಲಿ ಎರಡು ಕಡಲೆಕಾಯಿ ಪೊಟ್ಟಣ ಇರುತ್ತೆ."

ಡ್ರಿಲ್ ಟೀಚರ್ ಗೇಟಿನ ಕಂಬಿ ಹಿಡಿದುಕೊಂಡರು. ಗಾಳಿ ಬೀಸಿತು. (ಬೀಸಲೇಬೇಕು, ಬೆಟ್ಟದ ನೆತ್ತಿ.) ಸೀಟಿ ಬಾಯಿಯವರೆಗೆ ಹೋಗಿ ಅಲ್ಲೇ ನಿಂತಿತು.

"ಎರಡೂ ಪೊಟ್ಟಣ ಹಿಡ್ಕೊಂಡೇ ಓಡ್ತಾನಾ?"

"ಒಂದು ಅವಳದಲ್ವಾ."

೮

ಬಸ್ಸು ಹಾರ್ನ್ ಹೊಡೆಯಿತು. ಇಬ್ಬರೂ ತಿರುಗಿ ನೋಡಲಿಲ್ಲ. ಗೇಟಿನ ಕಡೆ ಹೊರಟ ಗೈಡನ್ನು ಟೀಚರ್ ಬೆನ್ನು ತಿರುಗಿಸಿಕೊಂಡೇ ಅಂಗೈ ಎತ್ತಿ ತಡೆದರು. ಕನ್ನಡಕದವರು ಎರಡೂ ಕೈಗಳನ್ನು ತೊಟ್ಟಿಲಿನಂತೆ ಜೋಡಿಸಿ ಏನನ್ನೋ ತೋರಿಸುತ್ತಿದ್ದರು, ಆಮೇಲೆ ತಮ್ಮ ಮೂಗು ಮುಟ್ಟಿ ತೋರಿಸಿದರು. ಟೀಚರ್ ಭುಜ ಅಲುಗುತ್ತಿತ್ತು.

ನಕ್ಕರೋ ಅತ್ತರೋ ಎಂದು ನೀವು ಕೇಳುತ್ತೀರಿ. ನಾನಿದ್ದ ಜಾಗದಿಂದ ಬೆನ್ನು ಮಾತ್ರ ಕಾಣುತ್ತಿತ್ತು. ಹತ್ತಿರ ಹೋಗಿ ನೋಡಬಹುದಿತ್ತು, ನನ್ನದೇ ಕಥೆ, ಯಾರೂ ಬೇಡ ಎನ್ನುತ್ತಿರಲಿಲ್ಲ. ಹೋಗಲಿಲ್ಲ. ಆ ಸಿನಿಮಾದ ಹುಡುಗಿ ಕೂಡ ಸೂಟ್‌ಕೇಸ್ ಹಿಡಿದು ಸೇತುವೆಯ ಮೇಲೆಯೇ ಇದ್ದಾಳೆ, ಅವಳನ್ನೂ ನಾನು ಯಾವ ದಡಕ್ಕೂ ಮುಟ್ಟಿಸಿಲ್ಲ. ನಾನು ಬಸ್ಸು ಹತ್ತಿ ಹಿಂದಿನ ಸೀಟಿನಲ್ಲಿ ಕುಳಿತೆ.

ಗೈಡು ತಲೆ ಎಣಿಸಿದ. ತನ್ನನ್ನು ಸೇರಿಸಿಕೊಂಡು ಒಮ್ಮೆ, ಬಿಟ್ಟು ಒಮ್ಮೆ. ಹೇಗೆ ಎಣಿಸಿದರೂ ಇಬ್ಬರು ಕಡಿಮೆ. ಹೊರಡೋಣವೇ ಎಂದು ಡ್ರೈವರು ಕೇಳಿದ. ಮುಂದಿನ ಸಾಲಿನ ಹೆಂಗಸು, ಇರಲಿ ಬಿಡಿ, ಇನ್ನೂ ಮುಗಿದ ಹಾಗಿಲ್ಲ ಎಂದರು. ಡ್ರೈವರು ಎಂಜಿನ್ ಆಫ್ ಮಾಡಿದ.